ಅಪೀಲು ಹಾಕದೆ ಆರನೇ ಒಂದು ಪಾಲನ್ನು ಮೂರನೇ ಒಂದಾಗಿಸಿಕೊಂಡ ಬಗೆ: ನನ್ನ ಅನುಭವ

ತವರಿನ ಪಿತ್ರಾರ್ಜಿತ ಜಮೀನು ಆರು ಎಕರೆಯಲ್ಲಿ ನನ್ನ ಪಾಲಿನ ಎರಡು ಎಕರೆ ಕೊನೆಗೂ ಪಹಣಿಯ 9ನೇ, ಅಂದರೆ ಮಾಲೀಕರ ಹೆಸರಿನ, ಕಾಲಂನಲ್ಲಿ ನನ್ನ ಹೆಸರಿಗೆ ಬಂದಿದೆ. ಯಾರಿಗೆಷ್ಟು ಪಾಲೆಂದು ಹೇಳುವ ಪ್ರಾಥಮಿಕ ಡಿಕ್ರಿಯಲ್ಲಿ ನಿಗದಿಯಾದದ್ದನ್ನು ಅಪೀಲಿಲ್ಲದೆ, ಜಮೀನನ್ನು ಅಳೆದು ಹಂಚುವ ಅಂತಿಮ ಡಿಕ್ರಿಯ ಹಂತದಲ್ಲಿ ತಿದ್ದಿಸಲು ಸಾಧ್ಯವೇ ಇಲ್ಲವೆಂದು ವಕೀಲರ ಸಂಘದ ಕೊಠಡಿಯಲ್ಲಿ ನಕ್ಕಿದ್ದ ಹಿರಿಯರಿಬ್ಬರು ಈಗ ನನ್ನ ಅರ್ಜಿಯ ನಕಲು ಕೇಳುತ್ತಿರುವುದರಿಂದ, ನಡೆದದ್ದನ್ನು ನೆನಪಿದ್ದಷ್ಟು ಬರೆಯುತ್ತಿದ್ದೇನೆ.

ನಾವು ಮೂವರು ಮಕ್ಕಳು: ಅಣ್ಣ, ನಾನು, ತಂಗಿ. ಅಮ್ಮ ಮೊದಲೇ ಹೋಗಿದ್ದರು. ಅಪ್ಪ ತೀರಿಕೊಂಡದ್ದು 2001ರಲ್ಲಿ. ಅಕ್ಕತಂಗಿಯರಿಬ್ಬರ ಮದುವೆಯೂ 1994ರ ಜುಲೈ 30ಕ್ಕೆ ಮೊದಲೇ ಆಗಿದ್ದರಿಂದ, ಅಂದು ಜಾರಿಗೆ ಬಂದು ಅವಿವಾಹಿತ ಹೆಣ್ಣುಮಕ್ಕಳಿಗೆ ಸಮಪಾಲು ಕೊಟ್ಟ, ಹಿಂದೂ ಉತ್ತರಾಧಿಕಾರ ಕಾಯ್ದೆಯ ಕರ್ನಾಟಕದ ತಿದ್ದುಪಡಿ ನಮಗೆ ಒದಗಲಿಲ್ಲ. 2016ರಲ್ಲಿ ದಾವೆ ಹೂಡುವ ಹೊತ್ತಿಗೆ ಸುಪ್ರೀಂ ಕೋರ್ಟಿನ ಫೂಲವತಿ ತೀರ್ಪು ಬಂದು ವರ್ಷವೂ ಆಗಿರಲಿಲ್ಲ. ಹೆಣ್ಣುಮಕ್ಕಳಿಗೆ ಸಮಪಾಲು ಕೊಟ್ಟ ಕೇಂದ್ರದ ತಿದ್ದುಪಡಿ ಜಾರಿಯಾದ 2005ರ ಸೆಪ್ಟೆಂಬರ್ 9ರಂದು ತಂದೆ ಬದುಕಿರಬೇಕೆಂಬ ಅದರ ಷರತ್ತು ನೇರವಾಗಿ ನನ್ನ ಕೊರಳಿಗೇ ಬಿದ್ದಿತ್ತು. ಸಾಯುವ ಮುನ್ನ ಅಪ್ಪ, ಅಣ್ಣ ಪಾಲಾಗಿದ್ದರೆಂದು ಊಹಿಸಿದರೆ ಅಪ್ಪನ ಕಾಲ್ಪನಿಕ ಪಾಲು ಅರ್ಧ, ಅದರಲ್ಲಿ ಮೂರನೇ ಒಂದು, ಅಂದರೆ ಒಟ್ಟು ಆರನೇ ಒಂದು. ಅಷ್ಟಕ್ಕೆ, ಅಂದರೆ ಒಂದು ಎಕರೆಗೆ, ಕೋರ್ಟೇಕೆ ಎಂದು ಅಣ್ಣನೂ ಕೇಳಿದ, ವಕೀಲಿಕೆಯಲ್ಲಿ ನನ್ನ ಸೀನಿಯರೂ ಕೇಳಿದರು.

ಅಣ್ಣನ ಪ್ರತಿವಾದ ನಿಂತಿದ್ದುದು 1998ರ ಒಂದು ನೋಂದಣಿಯಾಗದ ಪಾಲುಪಟ್ಟಿಯ ಮೇಲೆ. ಅದನ್ನು ಬೀಳಿಸಿದ್ದು ಪಾಟೀಸವಾಲಲ್ಲ, ಸಾಲ, ಇತರರ ಹಕ್ಕು ದಾಖಲಾಗುವ ಪಹಣಿಯ 11ನೇ ಕಾಲಂ. ಎಲ್ಲರೂ ಮಾಲೀಕರ 9 ಮತ್ತು ಸಾಗುವಳಿದಾರರ 12ನ್ನು ಓದಿ ಹಾಳೆ ಮಡಚಿಡುತ್ತಾರೆ. ಅಪ್ಪ 2000ದಲ್ಲಿ ಸಹಕಾರ ಸಂಘವೊಂದರಿಂದ ಪಡೆದ ಬೆಳೆಸಾಲಕ್ಕೆ ಇಡೀ ಆರು ಎಕರೆಯನ್ನೂ ಆಧಾರ ಮಾಡಿದ್ದು ಅಲ್ಲಿ ದಾಖಲಾಗಿತ್ತು. ಎರಡು ವರ್ಷ ಮೊದಲೇ ಮಗನಿಗೆ ಪಾಲು ಹಂಚಿಕೊಟ್ಟವರು ಅವನ ಭಾಗವನ್ನೂ ತಮ್ಮದೆಂದು ಬರೆದುಕೊಡುವುದು ಹೇಗೆ? ಆ ಕೈಬರಹದ ಪಹಣಿಯನ್ನು ದಾಖಲೆ ಕೊಠಡಿಯಿಂದ ಹೊರಗೆ ತರಿಸಿದ ಉಪಾಯವನ್ನು ಮಾತ್ರ ಇಲ್ಲಿ ಹೇಳುವುದಿಲ್ಲ.

ಇದೇ ಉತ್ಸಾಹದಲ್ಲಿ ಅಣ್ಣ ತನ್ನ ಹೆಸರಿನಲ್ಲಿ ಕೊಂಡಿದ್ದ ನಿವೇಶನವನ್ನೂ ದಾವೆಯ ಷೆಡ್ಯೂಲಿಗೆ ಸೇರಿಸಿ ಒಂದು ಪ್ರಯೋಗ ಮಾಡಿದೆ. ಕುಟುಂಬದ ಆದಾಯದಿಂದಲೇ ಅದನ್ನು ಕೊಂಡದ್ದೆಂದು ತೋರಿಸಲು ಅಡಿಕೆ ಮಂಡಿಯ ಹಳೆಯ ಚೀಟಿಗಳನ್ನು ಕಲೆಹಾಕಿದೆನಾದರೂ, ಸಾಗುವಳಿಯ ಖರ್ಚು ಕಳೆದು ಉಳಿತಾಯವಿತ್ತೆಂದು ರುಜುವಾತು ಮಾಡಲಾಗದೆ ಆ ವಿವಾದಾಂಶವನ್ನು ಸೋತೆ. ಸಾಕ್ಷಿಗಳ ಓಡಾಟ, ನಕಲುಗಳು ಸೇರಿ ಇಪ್ಪತ್ತೈದು ಸಾವಿರದಷ್ಟು ಅದಕ್ಕೇ ಹೋಯಿತು. ಜಂಟಿ ಸ್ವಾಧೀನವೆಂದು ಕರ್ನಾಟಕದ ಕೋರ್ಟ್ ಶುಲ್ಕ ಕಾಯ್ದೆಯ ಕಲಂ 35(2)ರಡಿ ಕಟ್ಟಿದ ಕೋರ್ಟ್ ಶುಲ್ಕ ಇನ್ನೂರು ರೂಪಾಯಿ ಎಂಬುದನ್ನು ನೆನೆದರೆ ಈಗಲೂ ಹೊಟ್ಟೆ ಉರಿಯುತ್ತದೆ.

2017ರ ಡಿಸೆಂಬರಿನಲ್ಲಿ ಬಂದ ಪ್ರಾಥಮಿಕ ಡಿಕ್ರಿ ನಿರೀಕ್ಷೆಯಂತೆ ಆರನೇ ಒಂದನ್ನೇ ಕೊಟ್ಟಿತು. ಅಪೀಲಿನ ಮೂವತ್ತು ದಿನ ಮುಗಿದ ಮೇಲೆ, 2018ರ ಫೆಬ್ರವರಿ 1ರಂದು, ಸುಪ್ರೀಂ ಕೋರ್ಟಿನ ದಾನಮ್ಮ ತೀರ್ಪು ಹೊರಬಿತ್ತು; ಅಲ್ಲಿಯೂ ತಂದೆ ತೀರಿಕೊಂಡದ್ದು 2001ರಲ್ಲೇ, ಹೆಣ್ಣುಮಕ್ಕಳಿಗೆ ಸಮಪಾಲು ಸಿಕ್ಕಿತ್ತು. ವಿಳಂಬ ಮನ್ನಾ ಅರ್ಜಿಯೊಡನೆ ಕೂಡಲೇ ಅಪೀಲು ಹಾಕೆಂದು ಎಲ್ಲರೂ ಒತ್ತಾಯಿಸಿದರು. ನಾನು ಹಾಕಲಿಲ್ಲ. ಫೂಲವತಿ, ದಾನಮ್ಮ ಎರಡೂ ದ್ವಿಸದಸ್ಯ ಪೀಠದ ತೀರ್ಪುಗಳೇ ಆಗಿದ್ದು ಒಂದಕ್ಕೊಂದು ತಾಳೆಯಾಗುತ್ತಿರಲಿಲ್ಲವಾದ್ದರಿಂದ, ಪ್ರಶ್ನೆ ದೊಡ್ಡ ಪೀಠಕ್ಕೆ ಹೋಗುವುದು ಖಚಿತವೆಂದು ನನಗನ್ನಿಸಿತ್ತು. ಅಷ್ಟರೊಳಗೆ ನನ್ನ ಅಪೀಲು ವಜಾ ಆದರೆ ಆ ಆರನೇ ಒಂದೇ ಶಾಶ್ವತವಾಗುತ್ತಿತ್ತು. ಪ್ರಾಥಮಿಕ ಡಿಕ್ರಿಯನ್ನು ಪ್ರಶ್ನಿಸದವರು ಅಂತಿಮ ಡಿಕ್ರಿಯ ಅಪೀಲಿನಲ್ಲಿ ಅದನ್ನು ಎತ್ತುವಂತಿಲ್ಲವೆಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) ಕಲಂ 97ನ್ನು ನನ್ನ ಮುಖಕ್ಕೆ ಹಿಡಿದವರಿಗೆ, ಅಂತಿಮ ಡಿಕ್ರಿಯಾಗುವವರೆಗೆ ಬದಲಾದ ಕಾನೂನಿಗೆ ತಕ್ಕಂತೆ ಪಾಲನ್ನು ತಿದ್ದಬಹುದೆಂದ ಸುಪ್ರೀಂ ಕೋರ್ಟಿನ 2011ರ ಗಂಡೂರಿ ಕೋಟೇಶ್ವರಮ್ಮ ತೀರ್ಪನ್ನು ತೋರಿಸಿದೆ. ಯಾರೂ ಒಪ್ಪಲಿಲ್ಲ.

ನಿಜ ಹೇಳಬೇಕೆಂದರೆ ನಾನೂ ಒಮ್ಮೆ ಎಡವಿದೆ. 2018ರ ಮಧ್ಯದಲ್ಲೇ ಆತುರಪಟ್ಟು, ಅಂತಿಮ ಡಿಕ್ರಿ ನಡವಳಿ, ಅಂದರೆ ಎಫ್‌ಡಿಪಿಯಲ್ಲಿ ಪಾಲಿನ ತಿದ್ದುಪಡಿ ಕೋರಿ ಮಧ್ಯಂತರ ಅರ್ಜಿ (ಐಎ) ಸಲ್ಲಿಸಿದೆ. ವಾದದ ಮಧ್ಯೆ ನ್ಯಾಯಾಧೀಶರು ಪದೇಪದೇ ಫೂಲವತಿಯ ಪುಟಗಳನ್ನೇ ತಿರುವುತ್ತಿದ್ದುದನ್ನು ಕಂಡು, ವಜಾ ಆಗುವ ಮುನ್ನವೇ, ಮತ್ತೆ ಸಲ್ಲಿಸುವ ಅವಕಾಶವನ್ನು ಕಾಯ್ದಿರಿಸಿಕೊಂಡು ಹಿಂಪಡೆದೆ. ಇಡೀ ಪ್ರಕರಣದಲ್ಲಿ ನಾನು ಮಾಡಿದ ಅತ್ಯಂತ ಜಾಣ ಕೆಲಸವದು. ಆಮೇಲಿನ ಎರಡು ವರ್ಷ ಎಫ್‌ಡಿಪಿ ಮುಗಿಯದಂತೆ ನೋಡಿಕೊಳ್ಳುವುದು ಕಷ್ಟವಾಗಲಿಲ್ಲ, ಏಕೆಂದರೆ ಜಮೀನು ಅಣ್ಣನ ಕೈಯಲ್ಲೇ ಇದ್ದುದರಿಂದ ಪ್ರತಿ ವಾಯಿದೆಯೂ ಅವನಿಗೊಂದು ಫಸಲು.

2020ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ವಿನೀತಾ ಶರ್ಮಾ ಪ್ರಕರಣದಲ್ಲಿ ಮಗಳು ಮಗನಂತೆ ಹುಟ್ಟಿನಿಂದಲೇ ಕೋಪಾರ್ಸನರ್ (ಪಿತ್ರಾರ್ಜಿತ ಆಸ್ತಿಯ ಸಹಪಾಲುದಾರಳು), ತಂದೆ ಬದುಕಿರಬೇಕಾಗಿಲ್ಲ ಎಂದಿತು. ಪ್ರಾಥಮಿಕ ಡಿಕ್ರಿಯಾಗಿದ್ದರೂ ಬಾಕಿಯಿರುವ ಅಂತಿಮ ಡಿಕ್ರಿ ನಡವಳಿಯಲ್ಲಿ ಸಮಪಾಲು ಕೊಡಬೇಕೆಂಬ ಸಾಲು ಅದರಲ್ಲೇ ಇತ್ತು. ಆ ಸಾಲನ್ನು ಓದಿದ ರಾತ್ರಿ ನಿದ್ದೆ ಬರಲಿಲ್ಲ. ಮುಂದಿನ ತಿಂಗಳು ಎರಡನೇ ಐಎ ಹಾಕಿ, ಕೋಟು ಗೌನು ಕಳಚಿಟ್ಟು ಕಕ್ಷಿದಾರಳಾಗಿ ನಾನೇ ವಾದಿಸಿದೆ. 2021ರಲ್ಲಿ ಮೂರನೇ ಒಂದಾಯಿತು. ಪ್ರತಿವಾದಿಯಾಗಿ ಸುಮ್ಮನೆ ಕುಳಿತಿದ್ದ ತಂಗಿಗೂ ಅಷ್ಟೇ ಬಂತು. ತನ್ನ ಪಾಲಿನ ಶುಲ್ಕವನ್ನಷ್ಟೇ ಅವಳು ಕಟ್ಟಿದಳು.

ಅದರ ನಂತರ ಬಂದದ್ದು ಅಳತೆಯ ಗೋಳು. ಮೊದಲ ನಕ್ಷೆಯಲ್ಲಿ ಎಕರೆ ಗುಂಟೆ ಸರಿಯಾಗಿದ್ದರೂ ನನಗೆ ಬಂದದ್ದು ಮೂಡಣದ ಕಲ್ಲುಭೂಮಿ; ಅಲ್ಲಿಗೆ ಗಾಡಿದಾರಿಯಿಲ್ಲ, ಕೊಳವೆ ಬಾವಿ ಅಣ್ಣನ ಭಾಗದಲ್ಲಿ. ಆಕ್ಷೇಪಣೆ ಹಾಕಿ ಮತ್ತೊಮ್ಮೆ ಅಳೆಸಲು ಎಂಟು ತಿಂಗಳು ಹಿಡಿಯಿತು. ಕೊನೆಗೆ ಹಳೆಯ ಮನೆಯಲ್ಲಿನ ನನ್ನ ಪಾಲನ್ನು ಅಣ್ಣನಿಗೇ ಬಿಟ್ಟು, ಅದಕ್ಕೆ ಬದಲಾಗಿ ದಾರಿಯನ್ನೂ ನೀರನ್ನೂ ಪಡೆದೆ. ಅಂತಿಮ ಡಿಕ್ರಿಯನ್ನು ಛಾಪಾ ಕಾಗದದ ಮೇಲೆ ಇಳಿಸಿದ ಖರ್ಚೂ ಸೇರಿ, ವಕೀಲರ ಫೀಸು ಉಳಿದರೂ, ಒಟ್ಟು ಒಂದೂವರೆ ಲಕ್ಷದ ಆಸುಪಾಸು ಆಗಿರಬೇಕು. ಕೊಳವೆ ಬಾವಿಯ ನೀರು ಮೂರು ದಿನಕ್ಕೊಮ್ಮೆ ನನ್ನ ಸರದಿಯೆಂದು ಡಿಕ್ರಿಯಲ್ಲೇ ಬರೆಸಿದ್ದೇನೆ. ಮೋಟಾರು ಕೋಣೆಯ ಎರಡನೇ ಬೀಗದಕೈ ನನ್ನ ಬಳಿಯಿದೆ.