ನಡೆಯುವ ಗುಡ್ಡಗಳ ನಾಡನ್ನು ನಾನು ಕಟ್ಟಿದ್ದು

ನಾನು ಬರೆಯುತ್ತಿರುವ ಕಾದಂಬರಿ ನಡೆಯುವ ಜಾಗದ ಹೆಸರು ಹೊರಳುಮಲೆ. ಅದು ಯಾವ ನಕ್ಷೆಯಲ್ಲೂ ಇಲ್ಲ. ಅಲ್ಲಿ ಗುಡ್ಡಗಳು ಜಾಗ ಬದಲಿಸುತ್ತವೆ. ಇವತ್ತು ಮನೆಯ ಹಿಂದಿರುವ ಗುಡ್ಡ ಕೆಲವು ಮಳೆಗಾಲ ಕಳೆದರೆ ಹಳ್ಳದ ಆಚೆ ಇರುತ್ತದೆ. ಹೀಗೆ ಒಂದು ಸಾಲಿನಲ್ಲಿ ಹೇಳಿಬಿಡುವುದು ಸುಲಭ. ಓದುವವರು ಅದನ್ನು ನಂಬಬೇಕು, ಅಲ್ಲಿನ ಜನರ ಬಗ್ಗೆ ಅವರ ಜೀವ ಮರುಗಬೇಕು. ನನಗೆ ಬೇಕಾಗಿದ್ದದ್ದು ಅದು.

ರಾಕ್ಷಸರು, ಮಂತ್ರವಾದಿಗಳು ಇವರ್ಯಾರನ್ನೂ ನಾನು ಮೊದಲು ಯೋಚಿಸಲಿಲ್ಲ. ಗಾಳಿ ಯಾವ ಕಡೆಯಿಂದ ಬೀಸುತ್ತದೆ ಅಂತ ಮೊದಲು ತೀರ್ಮಾನ ಮಾಡಿದೆ. ಚಿಕ್ಕಮಗಳೂರಿನಲ್ಲಿ ಬೆಳೆದವರಿಗೆ ಇದು ತಾನಾಗಿ ಬರುತ್ತದೆ. ಕಡಲ ಕಡೆಯ ಗಾಳಿ ಘಟ್ಟ ಹತ್ತುತ್ತಾ ತಣ್ಣಗಾಗಿ ಮಳೆ ಸುರಿಸುತ್ತದೆ. ಶೃಂಗೇರಿ, ಕೊಪ್ಪ, ಮೂಡಿಗೆರೆ ತೊಯ್ದು ಹೋಗುತ್ತವೆ. ಅದೇ ಗಾಳಿ 1,930 ಮೀಟರ್ ಎತ್ತರದ ಮುಳ್ಳಯ್ಯನಗಿರಿಯ ಸಾಲು ದಾಟಿ ಕಡೂರಿಗೆ ಹೋಗುವಷ್ಟರಲ್ಲಿ ಮಳೆಯೆಲ್ಲ ಖಾಲಿಯಾಗಿರುತ್ತದೆ. ಹಾಗಾಗಿ ಹೊರಳುಮಲೆಗೂ ಒಂದು ಒದ್ದೆ ಮಗ್ಗುಲು, ಒಂದು ಒಣ ಮಗ್ಗುಲು ಇಟ್ಟೆ. ಕಾಗದದ ಮೇಲೆ ಗಾಳಿಗೆ ಒಂದು ಬಾಣದ ಗುರುತು ಹಾಕಿದ ಮೇಲೆ ಹಳ್ಳ ಎಲ್ಲಿ ಹರಿಯಬೇಕು, ಊರು ಎಲ್ಲಿ ಕೂರಬೇಕು ಅನ್ನುವುದು ಬೇಗ ಗೊತ್ತಾಯಿತು.

ಆಮೇಲೆ ಗುಡ್ಡ ಯಾಕೆ ನಡೆಯುತ್ತದೆ ಅನ್ನುವ ಪ್ರಶ್ನೆ. ಶಾಪ ಅಂತ ಬರೆದು ಮುಂದೆ ಹೋಗಬಹುದಿತ್ತು. ನನಗೆ ಅದು ಒಪ್ಪಿಗೆಯಾಗಲಿಲ್ಲ. 2019ರ ಆಗಸ್ಟ್ ಮಳೆಯಲ್ಲಿ ಮೂಡಿಗೆರೆ ಕಡೆ ಗುಡ್ಡಗಳು ಜಾರಿ ಮನೆ, ತೋಟ ಎಲ್ಲ ಹೋದದ್ದು ನಮ್ಮ ಕಡೆಯವರು ಯಾರೂ ಮರೆತಿಲ್ಲ. ಮಣ್ಣಿನ ಸಂದಿಗಳಲ್ಲಿ ನೀರು ತುಂಬಿಕೊಂಡಾಗ ಮಣ್ಣಿನ ಭಾರ ಹೆಚ್ಚುತ್ತದೆ, ಹಿಡಿತ ಸಡಿಲವಾಗುತ್ತದೆ. ಅಲ್ಲಿಗೆ ಇಳಿಜಾರು ಜಾರುತ್ತದೆ. ಅದಕ್ಕೆ ಮುಂಚೆ ಗುರುತುಗಳು ಕಾಣಿಸುತ್ತವೆ. ನೆಲ ಬಿರಿಯುತ್ತದೆ. ನೆಟ್ಟಗಿದ್ದ ಮರ ವಾಲುತ್ತದೆ. ತಿಳಿಯಾಗಿದ್ದ ಝರಿ ಕೆಂಪಾಗುತ್ತದೆ, ಕೆಲವು ಸಲ ಥಟ್ಟನೆ ನಿಂತೇ ಹೋಗುತ್ತದೆ. ಇಷ್ಟನ್ನೂ ಹಾಗೆಯೇ ತೆಗೆದುಕೊಂಡೆ. ಒಂದನ್ನು ಮಾತ್ರ ಬದಲಾಯಿಸಿದೆ. ಹೊರಳುಮಲೆಯಲ್ಲಿ ಜಾರಿದ ಗುಡ್ಡ ಒಡೆದು ಹೋಗುವುದಿಲ್ಲ. ಕಾಡು, ಹುಲ್ಲು, ಮನೆ ಎಲ್ಲವನ್ನೂ ಹೊತ್ತುಕೊಂಡು ಇಡಿಯಾಗಿ ಸಾಗಿ ಬೇರೆ ಕಡೆ ನಿಲ್ಲುತ್ತದೆ. ಒಂದೇ ಒಂದು ಸುಳ್ಳು, ಸುತ್ತಲೂ ನಿಜ. ಈ ನಿಯಮವನ್ನು ಕೊನೆಯವರೆಗೂ ಮುರಿಯಬಾರದು ಅಂತ ಹಟ ಹಿಡಿದೆ.

ಈ ಹಟದಿಂದಲೇ ನನಗೆ ತುಂಬಾ ಇಷ್ಟವಾದ ಸಂಗತಿ ಸಿಕ್ಕಿತು. ನಮ್ಮ ಗಿರಿಗಳಲ್ಲಿ ನೀಲಕುರಿಂಜಿ 12 ವರ್ಷಕ್ಕೊಮ್ಮೆ ಅರಳುತ್ತದೆ. ಜನ ಹೂವು ನೋಡಿ ಫೋಟೋ ತೆಗೆದುಕೊಂಡು ಹೋಗುತ್ತಾರೆ. ಅರಳಿದ ಮೇಲೆ ಗಿಡಗಳು ಬೀಜ ಬಿಟ್ಟು ಒಟ್ಟಿಗೇ ಸಾಯುತ್ತವೆ ಅನ್ನುವುದು ಜಾಸ್ತಿ ಜನರ ಗಮನಕ್ಕೆ ಬರುವುದಿಲ್ಲ. ಒಂದು ಇಳಿಜಾರಿನ ಮಣ್ಣನ್ನು ಬರೀ ಇಂಥ ಗಿಡದ ಬೇರೇ ಹಿಡಿದುಕೊಂಡಿದ್ದರೆ? ಗಿಡ ಸತ್ತರೆ ಬೇರು ಕೊಳೆಯುತ್ತದೆ. ಅದಕ್ಕೆ ಒಂದೆರಡು ಮಳೆಗಾಲ ಬೇಕು. ಆಮೇಲೆ ಮಣ್ಣಿಗೆ ಆಸರೆ ಇರುವುದಿಲ್ಲ. ಹೊರಳುಮಲೆಯಲ್ಲಿ ಆ ಗಿಡಕ್ಕೆ ನೆಲಹಿಡುಕ ಅಂತ ಹೆಸರಿಟ್ಟೆ. ಅದು ಹೂ ಬಿಟ್ಟ ವರ್ಷ ಗುಡ್ಡವೆಲ್ಲ ನೀಲಿ. ಆ ವರ್ಷ ಅಲ್ಲಿನವರು ಮದುವೆ ಮಾಡುತ್ತಾರೆ, ಸಾಲ ತೀರಿಸುತ್ತಾರೆ, ಹೊಸ ಮನೆಗೆ ಮಾತ್ರ ಪಾಯ ತೋಡುವುದಿಲ್ಲ. ಮುದುಕಿಯರು ಹೂವು ನೋಡಿ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಾರೆ. ಮುಂದೆ ಬರುವುದು ಅವರಿಗೆ ಗೊತ್ತು. ಈ ಒಂದು ಗಿಡದಿಂದ ನನಗೆ ಪಂಚಾಂಗ ಸಿಕ್ಕಿತು, ಹಬ್ಬ ಸಿಕ್ಕಿತು, ಕಥೆಯ ಮುಖ್ಯ ಜಗಳವೂ ಸಿಕ್ಕಿತು.

ದಾರಿ ತಪ್ಪಿಸುವುದಕ್ಕೆ ಕುದುರೆಮುಖದ ಅದಿರು ನೆರವಾಯಿತು. ಅಲ್ಲಿನ ಕಬ್ಬಿಣದ ಅದಿರು ಮ್ಯಾಗ್ನೆಟೈಟ್. ಗಣಿ 2005ರ ಕೊನೆಗೆ ನಿಂತಿತು. ಮ್ಯಾಗ್ನೆಟೈಟ್ ಹತ್ತಿರವಿದ್ದರೆ ದಿಕ್ಸೂಚಿಯ ಮುಳ್ಳು ಅತ್ತ ಎಳೆಯಲ್ಪಡುತ್ತದೆ. ಹೊರಳುಮಲೆಯಲ್ಲಿ ಅದಿರಿನ ಗುಡ್ಡವೇ ನಡೆಯುತ್ತದಲ್ಲ, ಹಾಗಾಗಿ ಮುಳ್ಳು ಪ್ರತಿ ವರ್ಷ ಬೇರೆ ಬೇರೆ ಸುಳ್ಳು ಹೇಳುತ್ತದೆ. ಹೊರಗಿನಿಂದ ಬಂದವನಿಗೆ ಇದು ಸಾವು. ಅಲ್ಲಿಯವರಿಗೆ ಇದೇ ಅನುಕೂಲ. ಮುಳ್ಳು ಎಷ್ಟು ತಿರುಗಿತು ಅಂತ ನೋಡಿ ಕರಿಗುಡ್ಡ ಎಲ್ಲಿಗೆ ಹೋಯಿತು ಅಂತ ಲೆಕ್ಕ ಹಾಕುತ್ತಾರೆ.

ಉಂಬಳವನ್ನೂ, ಅಂದರೆ ಕಾಡಿನಲ್ಲಿ ಕಾಲಿಗೆ ಹತ್ತಿ ರಕ್ತ ಹೀರುವ ಜಿಗಣೆಯನ್ನೂ, ಬಿಡಲಿಲ್ಲ. ಮಲೆನಾಡಿನವರು ಬರೆಯುವ ಕಥೆಯಲ್ಲಿ ಉಂಬಳ ಇಲ್ಲದಿದ್ದರೆ ಹೇಗೆ ಅಲ್ವಾ? ಅದನ್ನು ದೊಡ್ಡದು ಮಾಡಿ ಹೆದರಿಸುವ ಆಸೆ ನನಗಿರಲಿಲ್ಲ. ನಡಿಗೆಯ ಅದುರು, ಮೈ ಬಿಸಿ, ಉಸಿರು ಇವನ್ನೆಲ್ಲ ಅದು ನಿಜವಾಗಿಯೂ ಗುರುತಿಸುತ್ತದೆ. ನೆಲದ ಸಣ್ಣ ಅದುರನ್ನೂ ಹಿಡಿಯುತ್ತದೆ ಅಂತ ಇನ್ನೊಂದು ಹೆಜ್ಜೆ ಮುಂದೆ ಹೋದೆ. ಗುಡ್ಡ ಹೊರಡುವ ಹಿಂದಿನ ರಾತ್ರಿ ಉಂಬಳಗಳು ಮರ ಹತ್ತುತ್ತವೆ. ತರಗೆಲೆಯಲ್ಲಿ ಬರಿಗಾಲಿಟ್ಟು ಒಂದೂ ಹತ್ತದಿದ್ದರೆ ಗಂಟೆ ಬಾರಿಸುತ್ತಾರೆ.

ಮೊದಲ ಅಧ್ಯಾಯಗಳನ್ನು ಅಕ್ಕನ ಮಗಳಿಗೆ ಓದಿ ಹೇಳಿದೆ. ಅವಳು ಕೇಳಿದ್ದು ಒಂದೇ.

“ಮಾವ, ಅಷ್ಟು ಮಳೇಲಿ ಅವರು ಅನ್ನ ಹೇಗೆ ಮಾಡ್ತಾರೆ? ಸೌದೆ ಒದ್ದೆಯಾಗಲ್ವಾ?”

ಎಂಥ ಒಳ್ಳೆಯ ಪ್ರಶ್ನೆ! ನಮ್ಮಲ್ಲಿ ಮಳೆಗಾಲಕ್ಕೆ ಮೊದಲೇ ಸೌದೆ ಒಟ್ಟುತ್ತೇವೆ, ಒಲೆಯ ಮೇಲಿನ ಅಟ್ಟದಲ್ಲಿ ಹೊಗೆಗೆ ಒಣಗಿಸುತ್ತೇವೆ. ಹೊರಳುಮಲೆಯವರು ಮನೆ ಬಿಟ್ಟು ಓಡುವಾಗ ಮಗುವಿನ ಜೊತೆ ಎತ್ತಿಕೊಳ್ಳುವುದು ಆ ಅಟ್ಟದ ಒಣ ಸೌದೆಯ ಕಟ್ಟನ್ನೇ. ಆ ರಾತ್ರಿಯೇ ಕೂತು ಒಂದು ಪೂರ್ತಿ ಅಧ್ಯಾಯ ಬರೆದೆ. ಈಗ ಪ್ರತಿ ಊರಿಗೂ ಇದೇ ಥರದ ಪ್ರಶ್ನೆ ಹಾಕುತ್ತೇನೆ. ಉಪ್ಪು ಎಲ್ಲಿಂದ ಬರುತ್ತದೆ, ಸತ್ತವರನ್ನು ಎಲ್ಲಿ ಹೂಳುತ್ತಾರೆ, ನಡೆದು ಹೋದ ಜಮೀನು ಯಾರದ್ದು?

ಸದ್ಯ ಒಣ ಮಗ್ಗುಲಿನ ಭಾಗ ಬರೆಯುತ್ತಿದ್ದೇನೆ. ಗಿರಿಯ ನೀರು ಸಖರಾಯಪಟ್ಟಣದ ಹತ್ತಿರ ಅಯ್ಯನಕೆರೆಗೆ ಇಳಿದು ಬಯಲಿನ ಗದ್ದೆ ತೋಟಗಳಿಗೆ ಹೋಗುತ್ತದಲ್ಲ, ಅಂಥದ್ದೇ ಒಂದು ದೊಡ್ಡ ಕೆರೆ ಅಲ್ಲಿಯೂ ಇದೆ. ಮೇಲೆ ಗುಡ್ಡ ನಡೆದಾಗಲೆಲ್ಲ ಕೆಳಗೆ ಕೆರೆಗೆ ಹೂಳು ಬಂದು ಬೀಳುತ್ತದೆ. ಹೂಳು ಎತ್ತುವವರು ಮೇಲಿನವರ ಹತ್ತಿರ ಕೂಲಿ ಕೇಳಲು ಹೊರಟಿದ್ದಾರೆ. ಮೇಲೆ ನೆಲಹಿಡುಕ ಮೊಗ್ಗು ಬಿಟ್ಟಿದೆ.