ಅಂಕಪಟ್ಟಿಯ ಕೆಳಗಿದ್ದ ತಾರೀಖು

ದಾಖಲೆ ಪರಿಶೀಲನೆಯ ದಿನ ಮೇಜಿನ ಆಚೆ ಕೂತವರು ನನ್ನ ಬಿ.ಇಡಿ. ಕೊನೆಯ ಸೆಮಿಸ್ಟರಿನ ಅಂಕಪಟ್ಟಿಯ ಕೆಳಗೆ ಬೆರಳಿಟ್ಟರು. "ಅರ್ಜಿ ಹಾಕೋ ಕೊನೇ ದಿನ ಆದ್ಮೇಲಿನ ತಾರೀಖಿದೆಯಲ್ಲಮ್ಮ, ನೀವು ಅರ್ಹರಲ್ಲ" ಎಂದರು. ಸರ್ಕಾರಿ ಶಾಲೆಯಲ್ಲಿ ಆರರಿಂದ ಎಂಟನೇ ತರಗತಿಗೆ ಗಣಿತ-ವಿಜ್ಞಾನ ಕಲಿಸುವ ಹುದ್ದೆ. ಒಂದು ಹುದ್ದೆಗೆ ಇಬ್ಬರಂತೆ ಕರೆಯುವ 1:2 ಪಟ್ಟಿಯಲ್ಲಿ ನನ್ನ ಹೆಸರು ಮೇಲೇ ಇತ್ತು.

ನನ್ನ ಫಲಿತಾಂಶ ಕೊನೆಯ ದಿನಕ್ಕೆ 11 ದಿನ ಮೊದಲೇ ಪ್ರಕಟವಾಗಿತ್ತು. ಅಂಕಪಟ್ಟಿ ಅಚ್ಚಾಗಿ ಬಂದದ್ದು ಮಾತ್ರ ಎರಡು ತಿಂಗಳ ನಂತರ. ಹೇಳಿದೆ. ಕೇಳಲಿಲ್ಲ.

ಊರಲ್ಲಿ ಎಲ್ಲರೂ "ಬಿ.ಇಡಿ.ನ ಸುಪ್ರೀಂ ಕೋರ್ಟೇ ತೆಗೆದುಹಾಕಿದೆಯಲ್ವಾ" ಎನ್ನುತ್ತಿದ್ದರು. ಆ ತೀರ್ಪು ಬೇರೆ. 2023ರ ಆಗಸ್ಟ್ 11ರಂದು ಬಂದದ್ದು, ಒಂದರಿಂದ ಐದನೇ ತರಗತಿಯ ಹುದ್ದೆಗಳ ಬಗ್ಗೆ. ಅಲ್ಲಿ ಡಿ.ಇಎಲ್.ಇಡಿ. (ಪ್ರಾಥಮಿಕ ಶಿಕ್ಷಣದ ಡಿಪ್ಲೊಮಾ) ಬೇಕು, ಬಿ.ಇಡಿ. ಸಾಲದು. ನನ್ನ ಹುದ್ದೆಗೆ ಅದು ತಾಗುವುದೇ ಇಲ್ಲ. ಇದನ್ನು ಎಷ್ಟು ಸಲ ವಿವರಿಸಿದೆನೋ ಲೆಕ್ಕವಿಲ್ಲ.

ಮೊದಲು ನಾನು ಮಾಡಿದ್ದು ಬಾಯಿಮಾತು ನಿಲ್ಲಿಸಿದ್ದು. ಆಕ್ಷೇಪಣೆ ಬರೆದು ಕೊಟ್ಟೆ, ಸ್ವೀಕೃತಿಗೆ ಮುದ್ರೆ ಹಾಕಿಸಿಕೊಂಡೆ. ನನ್ನನ್ನು ಯಾಕೆ ಕೈಬಿಟ್ಟಿರಿ ಎಂದು ಹಿಂಬರಹ, ಅಂದರೆ ಕಚೇರಿಯ ಲಿಖಿತ ಉತ್ತರ, ಕೊಡಿ ಎಂದು ಕೇಳಿದೆ. ಕೊಡಲು ಸತಾಯಿಸಿದರು. ಮೂರು ಸಲ ಹೋದೆ. ಆ ಒಂದು ಹಾಳೆ ಇಲ್ಲದಿದ್ದರೆ ಮುಂದೆ ಯಾವುದನ್ನು ಪ್ರಶ್ನಿಸುವುದು? "ಅಂಕಪಟ್ಟಿಯ ದಿನಾಂಕ ಕೊನೆಯ ದಿನಾಂಕದ ನಂತರದ್ದು" ಎಂಬ ಒಂದೇ ಸಾಲು ಸಿಕ್ಕಿತು. ಅದೇ ಸಾಲು ನನಗೆ ಆಧಾರವಾಯಿತು.

ಅದೇ ವಾರ ವಿಶ್ವವಿದ್ಯಾಲಯಕ್ಕೆ 10 ರೂಪಾಯಿ ಕಟ್ಟಿ ಮಾಹಿತಿ ಹಕ್ಕಿನ ಅರ್ಜಿ ಹಾಕಿದೆ. ಫಲಿತಾಂಶ ಪ್ರಕಟಿಸಿದ ಆದೇಶದ ದೃಢೀಕೃತ ಪ್ರತಿ ಬೇಕು ಎಂದಷ್ಟೇ ಕೇಳಿದೆ. 30 ದಿನದ ಗಡುವಿತ್ತು, 27ನೇ ದಿನ ಬಂತು. ಜಾಲತಾಣದ ಪುಟವನ್ನು ಸುಮ್ನೆ ಪ್ರಿಂಟ್ ತೆಗೆದು ಹಿಡಿದುಕೊಂಡು ಹೋಗಿದ್ದರೆ ಯಾರೂ ನಂಬುತ್ತಿರಲಿಲ್ಲ.

ಹೈಕೋರ್ಟಿಗೆ ನೇರವಾಗಿ ಹೋಗೋಣ ಅಂದುಕೊಂಡಿದ್ದೆ. ವಕೀಲರು ತಡೆದರು. ಸರ್ಕಾರಿ ನೇಮಕಾತಿಯ ತಕರಾರು ಮೊದಲು ಕೆಎಟಿಗೇ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ) ಹೋಗಬೇಕು. ಅಲ್ಲಿಯ ಆದೇಶ ಒಪ್ಪಿಗೆಯಾಗದಿದ್ದರೆ ಆಮೇಲೆ ಹೈಕೋರ್ಟು. ಸುಪ್ರೀಂ ಕೋರ್ಟಿನ 1997ರ ಚಂದ್ರಕುಮಾರ್ ತೀರ್ಪಿನಿಂದ ಇದೇ ದಾರಿ. ಕೆಎಟಿಯಲ್ಲಿ ನಾವೇ ನಿಂತು ವಾದಿಸಬಹುದು ಎಂದು ಕಾಯ್ದೆಯಲ್ಲೇ ಇದೆ. ನನಗೆ ಧೈರ್ಯ ಸಾಲಲಿಲ್ಲ. ಆದರೆ ಫೈಲು ಪೂರ್ತಿ ನಾನೇ ಜೋಡಿಸಿದೆ: ಅಧಿಸೂಚನೆ, ಫಲಿತಾಂಶದ ಆದೇಶ, ಹಿಂಬರಹ, ಸ್ವೀಕೃತಿ, ತಾರೀಖಿನ ಪ್ರಕಾರ. ಅಧಿಸೂಚನೆಯಲ್ಲಿ 'ವಿದ್ಯಾರ್ಹತೆ ಹೊಂದಿರಬೇಕು' ಎಂದಿತ್ತು, 'ಅಂಕಪಟ್ಟಿ ಪಡೆದಿರಬೇಕು' ಎಂದಿರಲಿಲ್ಲ. ಆ ಸಾಲಿನ ಕೆಳಗೆ ಪೆನ್ಸಿಲ್ಲಿನಲ್ಲಿ ಗೆರೆ ಎಳೆದು ಕೊಟ್ಟೆ.

ಕೆಎಟಿಗೆ ಅರ್ಜಿ ಹಾಕಲು ಒಂದು ವರ್ಷ ಕಾಲಾವಕಾಶ ಇರುತ್ತದೆ. ಅದನ್ನು ನಂಬಿ ಕೂರಬೇಡಿ. ಅಂತಿಮ ಪಟ್ಟಿ ಹೊರಬಿದ್ದರೆ ಆಯ್ಕೆಯಾದವರನ್ನೂ ಪ್ರತಿವಾದಿ ಮಾಡಬೇಕಾಗುತ್ತದೆ. ಅವರ ಅನ್ನದ ಪ್ರಶ್ನೆಯೂ ಬರುತ್ತದೆ, ಕೇಸು ಉದ್ದವಾಗುತ್ತದೆ. ನಾವು ತಾತ್ಕಾಲಿಕ ಪಟ್ಟಿ ಬಂದ ಕೂಡಲೇ ಹೋದೆವು. ನನ್ನ ವರ್ಗದಲ್ಲಿ ಒಂದು ಹುದ್ದೆ ಖಾಲಿ ಇಡಿ ಎಂದು ಮಧ್ಯಂತರ ಆದೇಶ ಸಿಕ್ಕಿತು. ಅಂತಿಮ ಆದೇಶಕ್ಕೆ 14 ತಿಂಗಳು ಹಿಡಿಯಿತು. ಫಲಿತಾಂಶದ ದಿನವನ್ನೇ ಲೆಕ್ಕಕ್ಕೆ ತೆಗೆದುಕೊಂಡು ನನ್ನ ಅರ್ಹತೆಯನ್ನು ಮತ್ತೆ ಪರಿಶೀಲಿಸಿ ಎಂದಿತು. ಇಲಾಖೆ ಪರಿಶೀಲಿಸಿತು. ಕೆಲಸ ಸಿಕ್ಕಿತು.

ನನ್ನ ಗೆಳತಿಗೆ ಸಿಗಲಿಲ್ಲ. ನಾವಿಬ್ಬರೂ ಒಂದೇ ವರ್ಷ ಬೇರೆ ಬೇರೆ ವಿಶ್ವವಿದ್ಯಾಲಯದಲ್ಲಿ ಬಿ.ಇಡಿ. ಮಾಡಿದವರು. ನೇಮಕಾತಿ ಪರೀಕ್ಷೆಯಲ್ಲಿ ಅವಳಿಗೆ ನನಗಿಂತ ಜಾಸ್ತಿ ಅಂಕ. ಆದರೆ ಅವಳ ಫಲಿತಾಂಶ ಬಂದದ್ದು ಕೊನೆಯ ದಿನ ಕಳೆದು 4 ದಿನಕ್ಕೆ. ವಕೀಲರು 1997ರ ಅಶೋಕ್ ಕುಮಾರ್ ಶರ್ಮಾ ಪ್ರಕರಣದ ತೀರ್ಪನ್ನು ಅವಳ ಮುಂದಿಟ್ಟರು: ಕೊನೆಯ ದಿನದೊಳಗೆ ಅರ್ಹತೆ ಇರಬೇಕು, ಸಂದರ್ಶನದ ಹೊತ್ತಿಗೆ ಬಂದರೆ ಸಾಲದು. ಅವಳು ಪೂರ್ತಿ ಓದಿ, ಮಡಚಿ ವಾಪಸ್ ಕೊಟ್ಟಳು. ಕೇಸು ಹಾಕಲಿಲ್ಲ. ವಿಶ್ವವಿದ್ಯಾಲಯ ತಡಮಾಡಿದ್ದಕ್ಕೆ ಅವಳು ಯಾಕೆ ಕಳೆದುಕೊಳ್ಳಬೇಕಿತ್ತು? ಕಾನೂನು ಅರ್ಥವಾಗುತ್ತದೆ, ಆದರೂ ಇದು ನನಗೆ ಇವತ್ತಿಗೂ ಸರಿ ಅನ್ನಿಸುವುದಿಲ್ಲ. ನಾನು ಕೆಲಸಕ್ಕೆ ಸೇರಿದ ದಿನ ಶಾಲೆಯ ಗೇಟಿನವರೆಗೆ ಅವಳೇ ಬಂದು ಬಿಟ್ಟು ಹೋದಳು.