ಒಂದೇ ಸುಳ್ಳಿಗೆ ಅವಕಾಶ: ನನ್ನ ನಕ್ಷತ್ರನೌಕೆಯ ಲೆಕ್ಕ

ಚಿತ್ರದುರ್ಗದಲ್ಲಿ ಪಿಯು ವಿದ್ಯಾರ್ಥಿಗಳಿಗೆ ಭೌತಶಾಸ್ತ್ರ ಕಲಿಸುತ್ತಲೇ ವೈಜ್ಞಾನಿಕ ಕಾದಂಬರಿಯೊಂದನ್ನು ಬರೆಯುತ್ತಿರುವ ನಾನು, ಅದರ ನೌಕೆಯನ್ನು ಸೂರ್ಯನಿಗೆ ಅತಿ ಹತ್ತಿರದ ನಕ್ಷತ್ರ ಪ್ರಾಕ್ಸಿಮಾ ಸೆಂಟಾರಿಯ ಕಡೆಗೆ ಹೊರಡಿಸುವ ಮೊದಲೇ ಒಂದು ನಿಯಮ ಹಾಕಿಕೊಂಡೆ: ಜಗತ್ತಿನಲ್ಲಿ ಇಲ್ಲದ ವಸ್ತು ಕಥೆಯಲ್ಲಿ ಒಂದೇ ಒಂದು ಇರಬಹುದು, ಉಳಿದದ್ದೆಲ್ಲ ಲೆಕ್ಕಕ್ಕೆ ನಿಲ್ಲಬೇಕು. ಚಳ್ಳಕೆರೆ ಬಳಿಯ ವೈಮಾನಿಕ ಪರೀಕ್ಷಾ ವಲಯದಲ್ಲಿ 2023ರ ಏಪ್ರಿಲ್ 2ರಂದು ಇಸ್ರೋದ ಮರುಬಳಕೆಯ ವಾಹನ ತಾನಾಗಿಯೇ ರನ್‌ವೇ ಮೇಲೆ ಇಳಿದದ್ದನ್ನು ಬಲ್ಲ ಮಕ್ಕಳೇ ನನ್ನ ಮೊದಲ ಓದುಗರು. ಅವರಿಗೆ ‘ಹೇಗೋ ತಲುಪಿತು’ ಎಂದು ಬರೆದುಕೊಡಲು ನನಗೆ ಮನಸ್ಸಾಗಲಿಲ್ಲ.

ದೂರ 4.24 ಜ್ಯೋತಿರ್ವರ್ಷ. ಒಂದು ಜೀವಮಾನದೊಳಗೆ ಮುಟ್ಟಬೇಕಾದರೆ ಬೆಳಕಿನ ವೇಗದ ಹತ್ತನೇ ಒಂದು ಭಾಗ, ಅಂದರೆ ಸೆಕೆಂಡಿಗೆ 30,000 ಕಿ.ಮೀ. ವೇಗವಾದರೂ ಬೇಕು. ಯಾವ ವೇಗಕ್ಕೆ ಎಷ್ಟು ಇಂಧನ ಬೇಕೆಂದು ಹೇಳುವ, ರಷ್ಯಾದ ವಿಜ್ಞಾನಿ ತ್ಸಿಯೊಲ್ಕೊವ್‌ಸ್ಕಿ 1903ರಲ್ಲಿ ಪ್ರಕಟಿಸಿದ ರಾಕೆಟ್ ಸೂತ್ರಕ್ಕೆ ಇದನ್ನು ಹಾಕಿ, ದ್ರವ ಜಲಜನಕ ಮತ್ತು ಆಮ್ಲಜನಕದ ಇಂಧನವನ್ನು ಲೆಕ್ಕ ಹಾಕಿದರೆ, ಒಂದು ಕಿಲೋ ಸಾಮಾನಿಗೆ ಬೇಕಾಗುವ ಇಂಧನದ ತೂಕ 1ರ ಮುಂದೆ ಸುಮಾರು 2,900 ಸೊನ್ನೆಗಳಷ್ಟು ಕಿಲೋ ಆಗುತ್ತದೆ. ಆದ್ದರಿಂದ ಇಂಧನವನ್ನು ಹೊತ್ತೊಯ್ಯುವ ಯೋಚನೆಯನ್ನೇ ಬಿಟ್ಟು, ಸೂರ್ಯನ ಸುತ್ತ ನೆಲೆಗೊಂಡ ಲೇಸರ್ ದೀಪದಿಂದ ನೌಕೆಗೆ ಕಟ್ಟಿದ ಹಾಯಿಯನ್ನು ತಳ್ಳುವ ದಾರಿ ಹಿಡಿದೆ. ಇದು ನನ್ನ ಕಲ್ಪನೆಯಲ್ಲ. ಅಮೆರಿಕದ ಭೌತವಿಜ್ಞಾನಿ ರಾಬರ್ಟ್ ಫಾರ್ವರ್ಡ್ 1984ರಲ್ಲೇ ಇದನ್ನು ವಿವರವಾಗಿ ಮಂಡಿಸಿದ್ದರು. ನಾನು ಇದಕ್ಕೆ ಕಿರಣಹಾಯಿ ಎಂದು ಹೆಸರಿಟ್ಟೆ.

ಬೆಳಕಿನ ತಳ್ಳುವ ಬಲ ಬಹಳ ಕಡಿಮೆ. ಒಂದು ಗಿಗಾವ್ಯಾಟ್ ಬೆಳಕು ಪೂರ್ತಿ ಪ್ರತಿಫಲಿಸಿದರೂ ಸಿಗುವುದು 6.7 ನ್ಯೂಟನ್, ಅಂದರೆ ಇಲ್ಲಿ ನಾವು ಅಂಗೈಯಲ್ಲಿ 680 ಗ್ರಾಂ ಹಿಡಿದಾಗ ಆಗುವಷ್ಟು ಭಾರ. ಹತ್ತು ಟನ್ ನೌಕೆಗೆ 1,000 ನ್ಯೂಟನ್ ಬೇಕೆಂದರೆ 150 ಗಿಗಾವ್ಯಾಟ್ ಬೆಳಕು ಬೇಕು, ಸೆಕೆಂಡಿಗೆ 30,000 ಕಿ.ಮೀ. ವೇಗ ಮುಟ್ಟಲು ಅದು ಒಂಬತ್ತೂವರೆ ವರ್ಷ ಬಿಡದೆ ಬೀಳಬೇಕು. ನಮ್ಮ ದುರ್ಗದ ಗುಡ್ಡಗಳ ಮೇಲೆ ಇರುವಂಥ ಗಾಳಿಯಂತ್ರಗಳಲ್ಲಿ ಎರಡು ಮೆಗಾವ್ಯಾಟಿನವು 75,000 ಸೇರಿ, ಒಂದು ದಿನವೂ ನಿಲ್ಲದೆ, ಪೂರ್ಣ ಸಾಮರ್ಥ್ಯದಲ್ಲಿ ತಿರುಗಿದರೆ ಆಗುವಷ್ಟು ಶಕ್ತಿ ಅದು. ಅಷ್ಟು ಕಾಲದಲ್ಲಿ ನೌಕೆ ಹತ್ತಿರ ಹತ್ತಿರ ಅರ್ಧ ಜ್ಯೋತಿರ್ವರ್ಷ ಸಾಗಿರುತ್ತದೆ. ಬೆಳಕು ಎಷ್ಟೇ ನೇರವಾಗಿ ಹೊರಟರೂ ಹರಡಿಯೇ ತೀರುವುದರಿಂದ, ಒಂದು ಮೈಕ್ರಾನ್ ತರಂಗಾಂತರದ ಕಿರಣವನ್ನು ಅಲ್ಲಿಯವರೆಗೆ ಹಿಡಿದಿಡಲು ದೀಪದ ಮುಂದಿನ ಮಸೂರದ ವ್ಯಾಸ 110 ಕಿ.ಮೀ., ಹಾಯಿಯ ವ್ಯಾಸ 100 ಕಿ.ಮೀ. ಇರಬೇಕೆಂದು ಲೆಕ್ಕ ಹೇಳಿತು. ಕೋಟೆಯನ್ನು ನಡುವೆ ಇಟ್ಟು ಹಾಸಿದರೆ ಚಳ್ಳಕೆರೆ, ಹಿರಿಯೂರು, ಹೊಳಲ್ಕೆರೆ ಮೂರೂ ಅದರ ಅಡಿಯಲ್ಲಿ ಬರುತ್ತವೆ.

ಅಷ್ಟು ದೊಡ್ಡ ಹಾಯಿ ಹತ್ತು ಟನ್ನಿನೊಳಗೆ ಮುಗಿಯಬೇಕಾದರೆ ಒಂದು ಚದರ ಮೀಟರಿಗೆ ಒಂದು ಮಿಲಿಗ್ರಾಂ ಆಸುಪಾಸಿನಲ್ಲಿ ಇರಬೇಕು. ಒಂದೇ ಪರಮಾಣುವಿನಷ್ಟು ದಪ್ಪದ ಇಂಗಾಲದ ಹಾಳೆ ಗ್ರಾಫೀನ್ ತೂಗುವುದು 0.77 ಮಿಲಿಗ್ರಾಂ! ಹಾಯಿಗೆ ಆರು ಟನ್ ಹೋಗಿ ಉಳಿದದ್ದಕ್ಕೆ ನಾಲ್ಕು ಟನ್ ಸಿಕ್ಕಿದಾಗ ನನಗಾದ ಸಂತೋಷವನ್ನು ಮರೆಯಲಾರೆ. ಆದರೆ ಗ್ರಾಫೀನ್ ತನ್ನ ಮೇಲೆ ಬಿದ್ದ ಬೆಳಕಿನಲ್ಲಿ ಶೇ. 2.3ರಷ್ಟನ್ನು ಹೀರಿಕೊಂಡು ಉಳಿದದ್ದನ್ನು ಬಹುಪಾಲು ಹಾಗೆಯೇ ದಾಟಿಸಿಬಿಡುತ್ತದೆ, ಅದು ಕನ್ನಡಿಯಲ್ಲ. ನನ್ನ ಒಂದೇ ಸುಳ್ಳನ್ನು ನಾನು ಖರ್ಚು ಮಾಡಿದ್ದು ಇಲ್ಲಿ: ಗ್ರಾಫೀನಿನಷ್ಟೇ ಹಗುರವಾದ, ಆದರೆ ಬೆಳಕನ್ನು ಪೂರ್ತಿ ಹಿಂದಿರುಗಿಸುವ ಪೊರೆ. ಅದು ಕರಗುವ ಭಯವಿಲ್ಲ. ಚದರ ಮೀಟರಿಗೆ ಬೀಳುವುದು 19 ವ್ಯಾಟ್ ಮಾತ್ರ, ಭೂಮಿಯ ಬಳಿಯ ಬಿಸಿಲಾದರೆ 1,361 ವ್ಯಾಟ್.

“ಸರ್, ಹೋಗೋದೇನೋ ಹೋಯ್ತು, ನಿಲ್ಲೋದು ಹೆಂಗೆ?” ಎಂದು ಒಬ್ಬ ವಿದ್ಯಾರ್ಥಿನಿ ಕೇಳಿದಳು. ಅಲ್ಲಿ ಎದುರಿನಿಂದ ತಳ್ಳಲು ದೀಪವಿಲ್ಲ. ಇದಕ್ಕೆ ಅಮೆರಿಕದ ಎಂಜಿನಿಯರುಗಳಾದ ಜುಬ್ರಿನ್ ಮತ್ತು ಆಂಡ್ರ್ಯೂಸ್ 1980ರ ದಶಕದ ಕೊನೆಯಲ್ಲಿ ಸೂಚಿಸಿದ ಕಾಂತೀಯ ಹಾಯಿಯನ್ನು ತೆಗೆದುಕೊಂಡೆ: ವಿದ್ಯುತ್ತಿಗೆ ತಡೆಯನ್ನೇ ಒಡ್ಡದ ಅತಿವಾಹಕ ತಂತಿಯ ದೊಡ್ಡ ಬಳೆಯಲ್ಲಿ ವಿದ್ಯುತ್ ಹರಿಸಿದರೆ, ನಕ್ಷತ್ರಗಳ ನಡುವಿನ ವಿರಳ ವಿದ್ಯುದಾವಿಷ್ಟ ಅನಿಲ ಅದರ ಕಾಂತಕ್ಷೇತ್ರಕ್ಕೆ ಬಡಿದು ನೌಕೆಯ ವೇಗವನ್ನು ನಿಧಾನವಾಗಿ ಹೀರುತ್ತದೆ. ಈ ಬ್ರೇಕಿಗೆ ದಶಕಗಳೇ ಬೇಕಾದ್ದರಿಂದ ನೌಕೆಯಲ್ಲಿ ಮನುಷ್ಯರನ್ನು ಇಡದೆ ಯಂತ್ರಗಳನ್ನಷ್ಟೇ ಕಳುಹಿಸಿದೆ.

ಹೀಗಾಗಿ ಕಥಾನಾಯಕಿ ಮನೆಯ ಕಡೆ ಉಳಿದಳು. ಅವಳು ದೀಪ ನೋಡಿಕೊಳ್ಳುವವಳು. ನೌಕೆ ದೂರ ಓಡುತ್ತಿರುವಷ್ಟೂ ಬೆಳಕಿನ ಕಂಪನಾಂಕ ಅದರ ಪಾಲಿಗೆ ಇಳಿದು ತಳ್ಳುವ ಬಲವೂ ಕುಗ್ಗುವುದರಿಂದ, ಕೊನೆಯ ಹೊತ್ತಿಗೆ ಶಕ್ತಿಯನ್ನು ಐದನೇ ಒಂದು ಭಾಗಕ್ಕಿಂತ ತುಸು ಹೆಚ್ಚೇ ಏರಿಸಬೇಕು. ಅಲ್ಲಿಂದ ಸುದ್ದಿ ಬರಲು ಸುಮಾರು ಆರು ತಿಂಗಳು, ಇವಳು ಏರಿಸಿದ ಬೆಳಕು ತಲುಪಲು ಮತ್ತೆ ಅಷ್ಟೇ. ಅವಳು ವರದಿಗೆ ಕಾಯದೆ, ಲೆಕ್ಕವೊಂದನ್ನೇ ನಂಬಿ ದೀಪ ಏರಿಸುವ ಅಧ್ಯಾಯವನ್ನು ಈಗ ಬರೆಯುತ್ತಿದ್ದೇನೆ.